ಪ್ರೇಮದ ಅಧ್ಯಾಯದಲ್ಲೊಂದು ಬೈಗುಳ

"ಬಾಗಿಲು ಬಿಟ್ಟು ನಿಲ್ರೀ! ಬೆಳಕೇ ಇಲ್ಲ, ಯಾರದ್ದೋ ಅಂಗಿ ಸುಟ್ಟೋಗುತ್ತೆ!"

ಇಸ್ತ್ರಿ ಅಂಗಡಿಯ ಹುಡುಗಿ ತಲೆ ಎತ್ತದೆಯೇ ಕೂಗಿದಳು. ಬಾಗಿಲಲ್ಲಿದ್ದವನು ಕಂಬದಷ್ಟು ಉದ್ದ. ಜರುಗಲಿಲ್ಲ. ಗಂಟಲು ಸರಿಮಾಡಿಕೊಂಡ.

"ಇಲ್ಲಿ... ಕವಿತೆ ಸಿಗುತ್ತೆ ಅಂದ್ರು."

"ಅಂಗಿ ಸಿಗುತ್ತೆ, ಪ್ಯಾಂಟು ಸಿಗುತ್ತೆ. ಅದೂ ನೀವು ಕೊಟ್ಟಿದ್ರೆ!"

ಬಟ್ಟೆಗೆ ಕಾಯುತ್ತಿದ್ದವರೆಲ್ಲ ನಕ್ಕರು. ಮೂಲೆಯಲ್ಲಿ ಬಟ್ಟೆ ಮಡಿಸುತ್ತಿದ್ದ ಅವಳ ಅಜ್ಜಿ ಮಾತ್ರ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು.

ಅವನು ರಾಜಧಾನಿಯ ಸಾಹಿತ್ಯ ಮಂಡಳಿಯವನು. ಇಡೀ ದೇಶದ ಕವಿತೆಗಳನ್ನು ಸೇರಿಸಿ ಒಂದು ದೊಡ್ಡ ಪುಸ್ತಕ ಮಾಡುತ್ತಿದ್ದರಂತೆ. ಎಲ್ಲಾ ಸೀಮೆಗೂ ಅದರಲ್ಲಿ ಜಾಗ ಇತ್ತು. ಈ ಸೀಮೆಯದ್ದು ಮಾತ್ರ ಖಾಲಿ.

"ನಿಮ್ಮ ಕಡೆ ಕವಿತೆಯೇ ಇಲ್ಲ ಅಂತಾರೆ ನಮ್ಮ ಅಧ್ಯಕ್ಷರು. ದೇಶಭಕ್ತಿ, ವಿರಹ, ಪ್ರಕೃತಿ... ಏನಾದ್ರೂ ಇದ್ಯಾ?"

ಅವಳ ಕೈ ನಿಂತಿತು. *ಕವಿತೆಯೇ ಇಲ್ವಂತೆ!*

"ಕೊಡೇ ಅವನಿಗೊಂದು," ಅಂದಳು ಅಜ್ಜಿ.

ಆ ಸೀಮೆಯವರು ಹೂವನ್ನೂ ಚಂದ್ರನನ್ನೂ ಹಾಡಿದವರಲ್ಲ. ಅವರು ಬೈಯುತ್ತಿದ್ದರು! ಪ್ರಾಸ ಕಟ್ಟಿ, ರಾಗ ಹಾಕಿ, ಎದುರಿಗೇ. ಅತ್ತೆ ಸೊಸೆಯನ್ನು, ಸೊಸೆ ಅತ್ತೆಯನ್ನು. ಚೆನ್ನಾಗಿ ಬೈಸಿಕೊಂಡವನು ಅದನ್ನು ಊರೆಲ್ಲ ಹೇಳಿಕೊಂಡು ತಿರುಗುತ್ತಿದ್ದ.

ಅವಳು ಇಸ್ತ್ರಿಪೆಟ್ಟಿಗೆ ಪಕ್ಕಕ್ಕಿಟ್ಟು, ಸೊಂಟಕ್ಕೆ ಕೈ ಕೊಟ್ಟು ಹಾಡಿದಳು:

"ಬಾಗಿಲಿಗೆ ನಟ್ಟ ಕಂಬ, ನಿನಗ್ಯಾಕೋ ಜಂಬ,
ಅಂಗಿಯ ಸುಕ್ಕೆಲ್ಲ ಮೋರೆಯ ತುಂಬ!
ಇಸ್ತ್ರಿಯ ಹಾಕ್ತೀನಿ ಬಾರೋ, ಸುಕ್ಕೆಲ್ಲ ಹೋಗಲಿ,
ಒಳಗೊಬ್ಬ ಮನುಷ್ಯ ಇದ್ರೆ ಹೊರಗಡೆ ಬರಲಿ!"

ಅಂಗಡಿ ಹೋ ಎಂದಿತು. ಅವನ ಕಿವಿ ಕೆಂಪಾಯಿತು. ಆದರೂ ಪೆನ್ನು ತೆಗೆದು, "ಇನ್ನೊಂದ್ಸಲ ಹೇಳ್ತೀರಾ?" ಅಂದ.

*ಅಯ್ಯೋ, ಕೋಪವೇ ಬರಲ್ವಲ್ಲ ಇವನಿಗೆ!*

ಅಂದಿನಿಂದ ಬೀದಿಗೆಲ್ಲ ಅವನು ಕಂಬ. ದಿನಾ ಬರುತ್ತಿದ್ದ. ಇಸ್ತ್ರಿ ಮಾಡಿಸಿಕೊಂಡು ಹೋದ ಅಂಗಿಯನ್ನೇ ಮುದುಡಿ ತರುತ್ತಿದ್ದ. ಅವಳಿಗೆ ಗೊತ್ತಾಗದೇ ಇರುತ್ತಾ? ಗೊತ್ತಿತ್ತು. ಅವನು ತಡಮಾಡಿದ ದಿನ ಗ್ರಾಹಕರಿಗೆಲ್ಲ ಸುಮ್ಮಸುಮ್ಮನೆ ರೇಗುತ್ತಿದ್ದಳು.

ಒಂದು ಬೆಳಿಗ್ಗೆ ಅವನು ಪುಸ್ತಕದ ಕರಡು ಪ್ರತಿ ತಂದ. ಮುಖ ತುಂಬ ನಗು. ಅವಳು ಕೈ ಒರೆಸಿಕೊಂಡು ಪುಟ ತಿರುಗಿಸಿದಳು. ಹಾಡು ಇತ್ತು. ಸೀಮೆಯ ಹೆಸರಿತ್ತು. ಅವಳ ಹೆಸರೂ ಇತ್ತು!

ಮೇಲೆ ದಪ್ಪ ಅಕ್ಷರದಲ್ಲಿ ಇನ್ನೊಂದಿತ್ತು... 'ಪ್ರೇಮ ಗೀತೆಗಳು'.

"ಏನ್ರೀ ಇದು?"

"ಅದು... ಬೈಗುಳ ಸಾಹಿತ್ಯ ಅಲ್ಲ ಅಂತಾರೆ ಅಧ್ಯಕ್ಷರು. ದೇಶದ ಪುಸ್ತಕದಲ್ಲಿ ಜಗಳಕ್ಕೆ ಜಾಗ ಇಲ್ವಂತೆ. ಅದಕ್ಕೇ ಪ್ರೇಮ ಅಂತ ಹೇಳಿ ಸೇರಿಸ್ಬಿಟ್ಟೆ."

ಅಜ್ಜಿ ಎದೆ ಬಡಿದುಕೊಂಡಳು. "ಅಯ್ಯೋ, ಅಷ್ಟು ಚೆಂದದ ಬೈಗುಳನ ಪ್ರೇಮಗೀತೆ ಮಾಡ್ಬಿಟ್ಯಲ್ಲೋ! ನಾಳೆ ನಾನು ಬೀದೀಲಿ ಹೇಗಪ್ಪಾ ತಲೆ ಎತ್ತಲಿ?"

ಬಟ್ಟೆಗೆ ಬಂದವರು ನಕ್ಕರು. ಹುಡುಗಿ ಮಾತ್ರ ನಗಲಿಲ್ಲ. ಕಣ್ಣು ತುಂಬಿತ್ತು.

"ನಮ್ಮ ಹಾಡು ದೊಡ್ಡವರ ಪುಸ್ತಕಕ್ಕೆ ವೇಷ ಹಾಕ್ಕೊಂಡೇ ಬರ್ಬೇಕಾ? ಹಾಗಾದ್ರೆ ಬರೋದೇ ಬೇಡ. ತೆಗೀರಿ ಅದನ್ನ. ನೀವೂ ಬರ್ಬೇಡಿ!"

ಅವನು ಕರಡು ಎತ್ತಿಕೊಂಡು ಹೊರಟುಹೋದ. ಬಾಗಿಲಲ್ಲಿ ಬೆಳಕು ಧಾರಾಳವಾಗಿ ಬಂತು. ಅವಳಿಗೆ ಆ ಬೆಳಕೇ ಬೇಡವಾಗಿತ್ತು... ಎರಡು ಅಂಗಿ ಸುಟ್ಟಳು.

ಕೆಲವು ವಾರ ಕಳೆದ ಮೇಲೆ ಬಾಗಿಲು ಮತ್ತೆ ಕತ್ತಲಾಯಿತು.

"ಬರ್ಬೇಡಿ ಅಂದಿದ್ನಲ್ಲ!" ಅಂದಳು. ಎದೆ ಮಾತ್ರ ಡವಡವ ಅನ್ನುತ್ತಿತ್ತು.

"ಹೇಳಿ ಹೋಗ್ತೀನಿ. ಮಂಡಳಿ ಸಭೇಲಿ ಎದ್ದು ನಿಂತು ನಿಜ ಹೇಳ್ದೆ. ಇದು ಬೈಗುಳ, ಬೈಗುಳ ಅಂತಲೇ ಅಚ್ಚಾಗ್ಬೇಕು ಅಂದೆ. ಅಧ್ಯಕ್ಷರು 'ಥೂ, ಕೂತ್ಕೋ' ಅಂದ್ರು. ನಾನು ಕೂತ್ಕೊಳ್ಳದೆ ಹಾಡಿದೆ. ಅವರನ್ನೇ ನೋಡ್ಕೊಂಡು!"

"ಅಧ್ಯಕ್ಷರಿಗಾ?!"

"ರಾಗ ತಪ್ಪಿತು. ಆದ್ರೂ ಬೆಟ್ಟದ ಸೀಮೆಯ ಮುದುಕರು ಕಿಸಕ್ಕಂತ ನಕ್ಕು, 'ನಮ್ಮಲ್ಲೂ ಇವೆ, ನಾಚಿಕೆ ಪಟ್ಟು ಕೊಟ್ಟಿರಲಿಲ್ಲ' ಅಂದ್ರು. ಕಡಲ ಸೀಮೆಯವರು ಅವರಿಗೊಂದು ಬೈದ್ರು. ಅವರು ತಿರುಗಿ ಬೈದ್ರು. ಅಧ್ಯಕ್ಷರೇ ತಮ್ಮತ್ತೆ ತಮಗೆ ಬೈದಿದ್ದ ಹಾಡು ಹೇಳಿ ಅತ್ಬಿಟ್ರು! ಅಷ್ಟು ವರ್ಷದಿಂದ ಬರೀ ನಮಸ್ಕಾರ ಮಾಡ್ಕೊಂಡಿದ್ದವರು, ಅವತ್ತು ಒಂದೇ ಮನೆಯವರ ಥರ ಕೂತ್ರು."

"ಆಮೇಲೆ?"

"ಈಗ 'ಜಗಳದ ಹಾಡುಗಳು' ಅಂತ ಬೇರೆ ಅಧ್ಯಾಯ. ಎಲ್ಲಕ್ಕಿಂತ ದಪ್ಪ. ಮೊದಲನೇ ಹಾಡು ನಿಮ್ಮದು."

ಅವಳು ಮುಖ ಆ ಕಡೆ ತಿರುಗಿಸಿಕೊಂಡಳು.

"ಪ್ರೇಮದ ಅಧ್ಯಾಯದಿಂದ ತೆಗೆದ್ರಾ?"

"ತೆಗೆದೆ." ಅವನ ದನಿ ಸಣ್ಣಗಾಯಿತು. "ಆದ್ರೆ... ಅಲ್ಲಿ ಹಾಕಿದ್ದು ಅಧ್ಯಕ್ಷರ ಭಯಕ್ಕೆ ಮಾತ್ರ ಅಲ್ಲ. ಮೊದಲ ದಿನದಿಂದ ನನಗೆ ಅದು ಹಾಗೇ ಕೇಳಿಸ್ತಿತ್ತು. ತಪ್ಪಾಗಿದ್ರೆ ಹೇಳಿಬಿಡಿ."

ಅಜ್ಜಿಗೆ ತಡೆಯಲಾಗಲಿಲ್ಲ. "ಲೋ ಕಂಬ! ಬೇಡದವರಿಗೆ ನಮ್ಮಲ್ಲಿ 'ಬನ್ನಿ, ಹೋಗಿ' ಅಂತಾರೆ. ಪ್ರಾಸ ಹುಡುಕೋ ಕಷ್ಟ ಯಾರು ಪಡ್ತಾರೆ?"

"ಅಜ್ಜೀ!"

ಅಜ್ಜಿ ಬಟ್ಟೆಗಂಟು ಎತ್ತಿಕೊಂಡು, ಬೇಕೆಂದೇ ನಿಧಾನವಾಗಿ, ಹಿತ್ತಲಿಗೆ ಹೋದಳು.

ಹುಡುಗಿ ಇಸ್ತ್ರಿಯ ಉರಿ ಆರಿಸಿದಳು. ಮೇಜು ದಾಟಿ ಬಂದು ಅವನೆದುರು ನಿಂತಳು.

"ಮದುವೆ ಆದ್ಮೇಲೂ ಬೈತೀನಿ."

"ಬರ್ಕೊಳ್ಳಲಾ?"

"ಬೇಡ... ಅವು ಪುಸ್ತಕಕ್ಕಲ್ಲ ಕಣೋ. ನಿನಗೆ."