ಕೊನೆಯ ರೀಲಿನ ಫೋಕಸ್

"ಟೇಪ್ ಅವರ ಕಣ್ಣಿಗೆ ಹಿಡಿ, ಮೂಗಿಗಲ್ಲ!"

ಲಾಮ್ ತ್ರಿವೇಣಿಗೆ ಹೇಳಿದ ಮೊದಲ ಮಾತೇ ಇದು, ಅದೂ ಇಡೀ ತಂಡದ ಎದುರು! ಸೈಗಾನ್‌ನಿಂದ ಬಂದ ಈ ಮುಂಗೋಪಿ ಛಾಯಾಗ್ರಾಹಕನಿಗೆ ಅವಳು ಅಂದೇ ಮನಸಾರೆ ಶಾಪ ಹಾಕಿದ್ದಳು. ಹದಿನೆಂಟು ದಿನದಲ್ಲಿ ಆ ಶಾಪ ಯಾವಾಗ ಪ್ರೀತಿಯಾಯಿತೋ, ಪಾಪ, ಅವಳಿಗೇ ಗೊತ್ತಿಲ್ಲ.

ಅಮೆರಿಕದ ರೆಡ್ಮಂಡ್‌ನಲ್ಲಿರುವ ತನ್ನ ಆಫೀಸಿಗೆ ರಜೆ ಹಾಕಿ, ಅಲ್ಲೇ ಶೂಟಿಂಗ್ ನಡೆಯುತ್ತಿದ್ದ ಈ ಪುಟ್ಟ ವಿಯೆಟ್ನಾಂ ಸಿನಿಮಾಕ್ಕೆ ಬಂದವಳು ಅವಳು. ನಟಿಯ ಕಣ್ಣಿಗೂ ಕ್ಯಾಮೆರಾಗೂ ಇರುವ ದೂರವನ್ನು ಟೇಪಿನಿಂದ ಅಳೆದು ಫೋಕಸ್ ತಿರುಗಿಸುವುದು ಅವಳ ಕೆಲಸ.

ಇವತ್ತು ಕೊನೆಯ ದಿನ. ಎಜುಕೇಶನ್ ಹಿಲ್ ಬಡಾವಣೆಯ ಬಾಡಿಗೆ ಮನೆಯ ಅಡುಗೆಕೋಣೆ. ಉಳಿದಿರುವುದು ಒಂದೇ ರೀಲು. ನವೆಂಬರ್ ಬೆಳಕು ನಾಲ್ಕಕ್ಕೆಲ್ಲ ಹೋಗಿಬಿಡುತ್ತದೆ. ನಾಳೆ ಲಾಮ್ ಕೂಡ...

ಶಾಟ್‌ಗೆ ಮುಂಚೆ ಲಾಮ್ ಬಂದವನೇ ಲೆನ್ಸ್ ಮೇಲೆ ಅವಳು ಹಾಕಿದ್ದ ದೂರದ ಗುರುತುಗಳನ್ನೆಲ್ಲ ಒರೆಸಿಬಿಟ್ಟ. ಒಂದು ಮಾತೂ ಇಲ್ಲ!

'ನನ್ನ ಮ್ಯಾಲ ಇಷ್ಟೂ ನಂಬಿಕಿ ಇಲ್ಲೇನು ಇವಂಗ...' ತ್ರಿವೇಣಿಯ ಕಣ್ಣು ತುಂಬಿತು.

ಕ್ಯಾಮೆರಾ ಓಡಿತು. ಪತ್ರ ಓದುತ್ತಿದ್ದ ಹಿರಿಯ ನಟಿ ಮುಂದಕ್ಕೆ ಬಾಗಿದಾಗ ತ್ರಿವೇಣಿಯ ಕೈ ಫೋಕಸ್ ತಿರುಗಿಸುವುದು ಒಂದು ಕ್ಷಣ ತಡವಾಯಿತು.

"ಕಟ್!" ಅಭಿನಯಕ್ಕೆ ಕರಗಿ ನಿರ್ದೇಶಕಿ ಅಳುತ್ತಿದ್ದಳು. ಎಲ್ಲರೂ ಚಪ್ಪಾಳೆ ತಟ್ಟಿದರು.

'ಸುಮ್ನಿದ್ರ ಯಾರಿಗೂ ಗೊತ್ತಾಗಂಗಿಲ್ಲ. ಲ್ಯಾಬಿನಿಂದ ಫಿಲಂ ಬರೋದ್ರಾಗ ಅವ ಊರು ಸೇರಿರ್ತಾನ. ಹೇಳಿದ್ರ... ನನ್ನ ಮಾರಿ ಮತ್ತ ನೋಡಂಗಿಲ್ಲ!'

"ಲಾಮ್..." ಇಂಗ್ಲಿಷಿನಲ್ಲಿ ಹೇಳಿಯೇಬಿಟ್ಟಳು. "ಮುಖ ಮಸುಕಾಗಿದೆ. ತಪ್ಪು ನಂದೇ."

ಚಪ್ಪಾಳೆ ನಿಂತಿತು.

"ಫಿಲಂ ಎಷ್ಟಿದೆ?" ಲಾಮ್ ಕೇಳಿದ.

"ಎರಡೂವರೆ ನಿಮಿಷ."

"ಶಾಟ್ ಎರಡು ನಿಮಿಷ. ಈಗಲೇ ತೆಗೆಯೋಣ. ಫೋಕಸ್ ನೀನೇ."

"ನಾನಾ? ಹಾಗಾದ್ರೆ ಗುರುತು ಯಾಕೆ ಅಳಿಸಿದ್ರಿ?"

"ರಿಹರ್ಸಲ್‌ನಲ್ಲಿ ನಿಂತ ಕಡೆ ನಮ್ಮ ನಟಿ ಶಾಟ್‌ನಲ್ಲಿ ಯಾವತ್ತಾದ್ರೂ ನಿಂತಿದಾರಾ? ಗುರುತಿದ್ರೆ ನೀನು ಲೆನ್ಸ್ ನೋಡ್ತೀಯ. ಅವರನ್ನ ನೋಡು. ನಿನ್ನ ಕಣ್ಣಿನ ಮೇಲೆ ನನಗೆ ಟೇಪ್‌ಗಿಂತ ನಂಬಿಕೆ." ಅವನು ತಲೆ ತಗ್ಗಿಸಿದ. "ಆಗಲೇ ಹೇಳಬೇಕಿತ್ತು. ಹೇಳೋಕೆ ಬರಲ್ಲ ನನಗೆ..."

ಕಿಟಕಿ ಮಂಕಾಗುತ್ತಿತ್ತು. ಈ ಸಲ ತ್ರಿವೇಣಿ ನಟಿಯ ಕಣ್ಣುಗಳನ್ನು ಬಿಟ್ಟು ಬೇರೇನೂ ನೋಡಲಿಲ್ಲ. ಆಕೆ ಬಾಗಿದಳು, ಇವಳ ಕೈ ತಿರುಗಿತು. ಶಾಟ್ ಮುಗಿದು ನಿರ್ದೇಶಕಿ ಕಟ್ ಎನ್ನುವಷ್ಟರಲ್ಲಿ ಉಳಿದ ಫಿಲಂ ಕೂಡ ಮುಗಿದ ಸದ್ದು.

"ಹೇಗಿತ್ತು?" ಲಾಮ್ ಅವಳತ್ತ ತಿರುಗಿದ.

"ರೆಪ್ಪೆಗೂದಲು ಎಣಿಸಬಹುದು!"

ಎಲ್ಲರೂ ಸಾಮಾನು ಹೊರಗೆ ಸಾಗಿಸುವಾಗ ಲಾಮ್ ಅವಳ ಟೇಪಿನ ತುದಿ ಹಿಡಿದು ಎಳೆದ.

"ಯಾರಿಗೂ ಕಾಣದ ತಪ್ಪನ್ನ ನೀನೇ ಬಂದು ಹೇಳಿದೆ. ಇಂಥವಳನ್ನ ಬಿಟ್ಟು ನಾಳೆ ಹೇಗೆ ಹೋಗಲಿ? ನಿನ್ನ ಪ್ರೀತಿಸ್ತೀನಿ, ತ್ರಿವೇಣಿ. ಸೈಗಾನ್‌ಗೆ ಬರ್ತೀಯಾ? ಬರೀ ಸಿನಿಮಾಕ್ಕಲ್ಲ..."

ಅವಳಿಗೆ ನಗುವೂ ಅಳುವೂ ಒಟ್ಟಿಗೇ ಬಂದವು. "ಬರ್ತೀನಿ. ಮೊದಲು ಟೇಪ್ ಸರಿಯಾಗಿ ಹಿಡೀರಿ. ಕಣ್ಣಿಗೆ, ಮೂಗಿಗಲ್ಲ!"

ಅವನು ತುದಿಯನ್ನು ತನ್ನ ಕಣ್ಣಿಗೆ ಹಿಡಿದ. "ಎಷ್ಟಿದೆ ದೂರ?"

"ಮೂರಡಿ."

"ಜಾಸ್ತಿ ಆಯ್ತು ಅಲ್ವಾ?"

"ಹೂಂ... ಜಾಸ್ತಿನೇ," ಎನ್ನುತ್ತಾ ತ್ರಿವೇಣಿ ಟೇಪ್ ಸುತ್ತುತ್ತಾ ಅವನ ಹತ್ತಿರ ಸರಿಯತೊಡಗಿದಳು.