ರೀಮಿಕ್ಸ್‌ನಿಂದ ಅಳಿಸಿದ ದನಿ

"ಅವಳ ದನಿಗೆ ಜೀವಾನೇ ಇಲ್ಲ ಸಾರ್. ಅಳಿಸಿಬಿಡ್ತೀನಿ!"

ಗಾಜಿನ ಕೋಣೆಯೊಳಗೆ ಹೆಡ್‌ಫೋನ್ ಹಾಕಿಕೊಂಡು ನಿಂತಿದ್ದ ಗಾಯಕಿಯ ಕಿವಿಗೆ ಆ ಮಾತು ಬಿತ್ತು. ಆಚೆ ಸ್ಟುಡಿಯೋ ಮಾಲೀಕರ ಪಕ್ಕ ಕೂತವನು ಮೈಕ್ ಬಂದ್ ಮಾಡುವುದನ್ನು ಮರೆತಿದ್ದ. ಬೇರೆ ಯಾರಾದರೂ ಅಂದಿದ್ದರೆ ಹಾಳಾಗಿ ಹೋಗಲಿ ಎನ್ನಬಹುದಿತ್ತು. ಅಂದವನು ಇವಳು ಪ್ರಾಣವನ್ನೇ ಇಟ್ಟುಕೊಂಡಿದ್ದ ಹುಡುಗ!

ಹಳೇ ಹಿಂದಿ ಸಿನಿಮಾ ಹಾಡುಗಳಿಗೆ ಹೊಸ ಬೀಟ್ ಕೂರಿಸುವುದು ಅವನ ಕಸುಬು. ಮೊದಲು ಟ್ರ್ಯಾಕ್ ಹಾಡಿಕೊಡುವುದು ಇವಳ ಕೆಲಸ. ಆಮೇಲೆ ಮಾಲೀಕರ ಮಗಳು ಬಂದು, ಇವಳು ಹಾಡಿದ್ದನ್ನೇ ಕೇಳಿ ಕೇಳಿ ಹಾಡುತ್ತಾಳೆ. ಹೆಸರೂ ಅವಳದೇ, ಪೋಸ್ಟರಿನ ಮುಖವೂ ಅವಳದೇ.

"ಈ ಸಲ ನಿನ್ನ ದನಿ, ನಿನ್ನ ಹೆಸರು" ಎಂದು ಮಾತು ಕೊಟ್ಟಿದ್ದನಲ್ಲ, ಪಾಪಿ!

ಅವಳು ಬಾಗಿಲು ದೂಡಿಕೊಂಡು ಹೊರಬಂದಳು.

"ಸಾರ್, ನನ್ನ ದನಿ ಬಗ್ಗೆ ಮಾತಾಡೋನಿಗೆ ಕಿವಿ ನೆಟ್ಟಗಿರಬೇಕಲ್ವಾ? ಇವನಿಗೆ ಬಲಗಿವಿ ಕೇಳಿಸೋದೇ ಇಲ್ಲ!"

ಅವನ ಮುಖ ಬಿಳಿಚಿಕೊಂಡಿತು. ಆ ಗುಟ್ಟನ್ನು ಅವನು ಇವಳೊಬ್ಬಳಿಗೇ ಹೇಳಿದ್ದ.

ಮಾಲೀಕರು ಹೊಟ್ಟೆ ಕುಲುಕಿಸಿ ನಕ್ಕರು. "ಕಿವುಡನ ಕೈಗೆ ಹಾಡು ಕೊಟ್ಟಿದ್ನಾ ನಾನು? ಏಳಯ್ಯಾ, ಏಳು!"

ಅವನು ಎದ್ದು ಹೋದ. ಸುಳ್ಳೇಕೆ, ಅವಳಿಗೆ ಹೊಟ್ಟೆ ತಣ್ಣಗಾಯಿತು.

"ಪೀಡೆ ತೊಲಗಿತು" ಎಂದರು ಮಾಲೀಕರು. "ನನ್ನ ಮಗಳಿಗೆ ಮೇಲಿನ ಸ್ವರ ಎಟುಕಲ್ಲಮ್ಮಾ. ಅಲ್ಲಿ ನಿನ್ನ ದನಿ ಸೇರಿಸಿ, ಅವಳ ಹೆಸರು ಹಾಕು ಅಂದೆ. ಜೀವ ಇಲ್ಲ ಅಂತ ನೆಪ ತೆಗೆದು ನೀನು ಹಾಡಿದ್ದನ್ನೆಲ್ಲಾ ಅಳಿಸಿಬಿಟ್ಟ, ಖದೀಮ! ಈಗ ಇನ್ನೊಂದ್ಸಲ ಹಾಡಿಬಿಡು."

ಅಯ್ಯೋ... ನಾನೇನು ಮಾಡಿಬಿಟ್ಟೆ!

ಮಾಲೀಕರು ಕೂಗುತ್ತಲೇ ಇದ್ದರು. ಅವಳು ಮೆಟ್ಟಿಲಿಳಿದು ಓಡಿದಳು. ಅವನು ಗೇಟಿನ ಬಳಿ ನಿಂತಿದ್ದ.

"ನಂಗ್ಯಾಕೋ ಹೇಳ್ಲಿಲ್ಲ?"

"ಹೇಳಿದ್ರೆ ನೀನು ಅವರ ಜೊತೆ ಜಗಳಕ್ಕೆ ನಿಲ್ತಿದ್ದೆ. ಆಮೇಲೆ ನಿನ್ನ ಎಲ್ಲೂ ಹಾಡೋಕೆ ಬಿಡ್ತಿರ್ಲಿಲ್ಲ."

"ನಿನ್ನ ಹೊಟ್ಟೆ ಮೇಲೆ ಹೊಡೆದ್ಬಿಟ್ನಲ್ಲೋ..."

"ಹೂಂ. ಸಂಜೆಯೊಳಗೆ ಊರಿಗೆಲ್ಲಾ ಗೊತ್ತಾಗತ್ತೆ. ಇನ್ಯಾವ ಸ್ಟುಡಿಯೋದೋರೂ ನನ್ನ ಕರೆಯಲ್ಲ."



"ಬಾಯಿಗೆ ಬಂದ ಹಾಗೆ ಬೈದುಬಿಡೋ ನನ್ನ!"

"ಬೈಯೋಕೂ ಮನಸ್ಸು ಬರ್ತಿಲ್ಲ. ಇಷ್ಟಾದ್ರೂ ನೀನೇ ಬೇಕು ಅನ್ಸತ್ತೆ, ನನ್ನ ಕರ್ಮ."

ಅವಳು ಬಿಕ್ಕುತ್ತಾ ಅವನ ಕೈ ಹಿಡಿದಳು. ಅವನು ಬಿಡಿಸಿಕೊಳ್ಳಲಿಲ್ಲ, ಆದರೆ ಹಿಡಿಯಲೂ ಇಲ್ಲ.

"ಕ್ಷಮಿಸ್ತೀಯಾ?"

"ಇವತ್ತು ಆಗಲ್ಲ ಕಣೇ."

"ನಾಳೆ?"

"ಗೊತ್ತಿಲ್ಲ... ಬಂದು ಕೇಳು."

"ನಾಳೆನೂ ಇಲ್ಲ ಅಂದ್ರೆ?"

ಅವನ ಬೆರಳುಗಳು ಮೆಲ್ಲಗೆ ಅವಳ ಕೈ ಸುತ್ತ ಮಡಚಿಕೊಂಡವು.

"ನಾಡಿದ್ದೂ ಬಾ."