ಘಮ್ ಅಂತೈತ್ರಿ!

"ಕಣ್ಣು ಮುಚ್ಚಿಕೊಳ್ಳಿ... ಮೂಸಿ ನೋಡಿ. ಏನು ವಾಸನೆ ಬರುತ್ತಿದೆ, ಹೇಳಿ!"

ಫುಮಿಕೊ ಅಜ್ಜಿ ಹಬೆಯಾಡುವ ಸೌಟನ್ನು ಸೌಮ್ಯಾಳ ಮೂಗಿನ ಕೆಳಗೇ ತಂದು ಹಿಡಿದರು.

ಸೌಮ್ಯಾಳ ಎದೆ ಧಸಕ್ಕೆಂದಿತು.

ಸೌಟಿನ ಆಚೆ ಬದಿಗೆ, ಗೇಣು ದೂರದಲ್ಲಿ ಇನ್ನೊಂದು ಮುಖವಿತ್ತು. ನಿಜಗುಣ! ಹತ್ತು ನಿಮಿಷದ ಹಿಂದೆ ಬಾಗಿಲಲ್ಲಿ ಬೂಟು ಬಿಚ್ಚುವಾಗ ಮೊದಲ ಸಲ ಕಂಡವನು. "ನಮಸ್ಕಾರ್ರಿ, ನಾ ನಿಜಗುಣ" ಎಂದವನು, ಆಮೇಲೆ ಸಾಕ್ಸ್ ತೂತಾಗಿರುವುದು ನೆನಪಾಗಿ, ಒಂದು ಕಾಲನ್ನು ಇನ್ನೊಂದರ ಹಿಂದೆ ಬಚ್ಚಿಟ್ಟಿದ್ದ. ಆಗ ಅವಳಿಗೆ ನಗು ಬಂದಿತ್ತು.

ಈಗ ನಗುವೆಲ್ಲಿ? 

ಅವಳು ಕಣ್ಣು ಮುಚ್ಚಿದಂತೆ ನಟಿಸಿ, ರೆಪ್ಪೆಯ ಸಂದಿಯಿಂದ ಅವನ ಮುಖ ನೋಡಿದಳು. ಅವನ ಹುಬ್ಬು ಮೇಲೇರಿತು, ತುಟಿ ಅರಳಿತು.

'ಚಲೋ ವಾಸನಿ ಇರಬೇಕು... ಹೇಳಿಬಿಡು ಸೌಮ್ಯಾ!'

"ಘಮ್ ಅಂತೈತ್ರಿ!" ಎಂದಳು. ಅಜ್ಜಿಗೂ ಇಂಗ್ಲಿಷಿನಲ್ಲಿ ಅದನ್ನೇ ಹೇಳಿದಳು.

"ಹೌದ್ರಿ, ಭಾಳ ಚಲೋ ಐತಿ" ಎಂದು ನಿಜಗುಣನೂ ತಲೆಯಾಡಿಸಿದ.

ಬದುಕಿದೆಯಾ ಬಡಜೀವವೇ! ಸೌಮ್ಯಾ ಮೆಲ್ಲಗೆ ಉಸಿರು ಬಿಟ್ಟಳು.

ಅವಳಿಗೆ ಯಾವ ವಾಸನೆಯೂ ಬಂದಿರಲಿಲ್ಲ. ಮೂರು ವರ್ಷದಿಂದ ಮಲ್ಲಿಗೆಯದೂ ಇಲ್ಲ, ಒಗ್ಗರಣೆಯದೂ ಇಲ್ಲ. ಹದಿನೈದು ದಿನ ಕಾಡಿದ ಒಂದು ಜ್ವರ ಹೋಗುವಾಗ ಮೂಗಿನ ಶಕ್ತಿಯನ್ನೂ ಹೊತ್ತುಕೊಂಡು ಹೋಗಿತ್ತು. ನಾಲಿಗೆಗೆ ಉಪ್ಪು, ಹುಳಿ, ಸಿಹಿ, ಖಾರ ಗೊತ್ತಾಗುತ್ತಿತ್ತು, ಅಷ್ಟೇ. ಉಳಿದದ್ದನ್ನೆಲ್ಲ ಅವಳು ಬೇರೆಯವರ ಮುಖ ನೋಡಿ ತಿಳಿದುಕೊಳ್ಳುತ್ತಿದ್ದಳು.

ಇದು ಬರೀ ಅಡುಗೆ ಕ್ಲಾಸು ಆಗಿದ್ದರೆ ಹೆದರಿಕೆ ಯಾಕಿರುತ್ತಿತ್ತು? ಧಾರವಾಡದ ಕಾಲೇಜಿನ ಗ್ರಂಥಪಾಲಕಿ ಸೌಮ್ಯಾ, ಮೂರು ವಾರ ರಜೆ ಹಾಕಿ, ಕಡಲಾಚೆಯ ಯೂನಿಯನ್‌ವಿಲ್‌ನಲ್ಲಿರುವ ಅಕ್ಕ ಜಯಶೀಲಾಳ ಮನೆಗೆ ಬಂದಿದ್ದಳು. ಅಕ್ಕ ಅಷ್ಟರಲ್ಲೇ ಗಂಡು ನೋಡಿಟ್ಟಿದ್ದಳು. ಬೈಲಹೊಂಗಲದ ಕಡೆಯ ಹುಡುಗ, ಪಕ್ಕದ ವುಡ್‌ಬ್ರಿಡ್ಜ್‌ನಲ್ಲಿ ಫರ್ನೇಸ್, ಅಂದರೆ ಮನೆ ಬೆಚ್ಚಗಿಡುವ ಗ್ಯಾಸ್ ಒಲೆಗಳ ರಿಪೇರಿ ಕೆಲಸ.

"ಹೋಟೆಲ್ದಾಗ ಎದರಾಬದರ ಕುಂತು ಒಬ್ಬರ ಮುಖ ಒಬ್ಬರು ಏನ್ ನೋಡ್ತೀರಿ? ಕೈಗೆ ಕೆಲಸ ಇದ್ರ ಮಾತು ತಾನ ಬರ್ತೈತಿ" ಎಂದು ಅಕ್ಕನೇ ಎಟೋಬಿಕೋಕ್‌ನ ಈ ಹಳೇ ಬಂಗಲೆ ಹುಡುಕಿದ್ದಳು. ಊರು ನೋಡಲು ಬಂದವರಿಗೆ ಫುಮಿಕೊ ಅಜ್ಜಿ ಪ್ರತಿ ಶನಿವಾರ ತಮ್ಮ ಅಡುಗೆಮನೆಯಲ್ಲೇ ಜಪಾನೀ ಮನೆಯಡುಗೆ ಕಲಿಸುತ್ತಿದ್ದರು.

"ಅಕ್ಕಾ, ನನ್ನ ಮೂಗಿನ ವಿಷಯ ಅವರಿಗೆ ಮೊದಲ ಹೇಳಿಬಿಡೂಣು" ಎಂದು ಸೌಮ್ಯಾ, ಅಕ್ಕ ಅವಳನ್ನು ಇಲ್ಲಿಗೆ ಬಿಡಲು ಬರುವಾಗ ಕಾರಿನಲ್ಲೇ ಗೋಗರೆದಿದ್ದಳು.

"ಹುಚ್ಚಿ! ಸಾವಿರ ಸುಳ್ಳು ಹೇಳಿ ಒಂದು ಲಗ್ನ ಮಾಡು ಅಂತಾರ. ಇದು ಒಂದ ಸುಳ್ಳು. ಯಾರರ ಕೇಳಿದ್ರ ನೆಗಡಿ ಆಗೈತಿ ಅನ್ನು. ಅಭಿನಂದನ್ ಮನ್ಯಾಗ ಆಗಿದ್ದು ಮರೆತಿಯೇನು?"

ಮರೆಯುವುದುಂಟೇ!

ಹುಬ್ಬಳ್ಳಿಯ ಅಭಿನಂದನ್ ಜೊತೆ ಅವಳ ನಿಶ್ಚಯವಾಗಿತ್ತು. ಒಂದು ದಿನ ಅವರ ಮನೆಯಲ್ಲಿ ಹಾಲು ಕಾಯಿಸಲು ಇಟ್ಟು, ಅಡುಗೆಮನೆಯಲ್ಲೇ ಕುಳಿತು ಅವಳು ಬಟಾಣಿ ಸುಲಿಯುತ್ತಿದ್ದಳು. ಹಾಲು ಉಕ್ಕಿ ಒಲೆ ಆರಿತ್ತು. ಗ್ಯಾಸು ಮಾತ್ರ ಸೋರುತ್ತಲೇ ಇತ್ತು... ಅಭಿನಂದನ್‌ನ ತಾಯಿ ಸೆರಗಿನಿಂದ ಮೂಗು ಮುಚ್ಚಿಕೊಂಡು ಓಡಿಬರುವವರೆಗೆ ಅವಳಿಗೆ ಏನೂ ಗೊತ್ತಾಗಿರಲಿಲ್ಲ.

"ಮನಿ ಸುಡಾಕ ಬಂದಾಳಿಕಿ! ನಾಳೆ ಕೂಸು ಹುಟ್ಟಿದ್ರ ಅದನ್ನೂ ಸುಡ್ತಾಳ!"

ವಾರದೊಳಗೆ ಉಂಗುರ ವಾಪಸ್ಸಾಯಿತು. ಆ ಮಾತು ಮಾತ್ರ ಅವಳೊಳಗೇ ಉಳಿಯಿತು. ಅಂದಿನಿಂದ ಅವಳು ಮಲಗುವ ಮುಂಚೆ ಏಳು ಸಲ ಎದ್ದು ಹೋಗಿ ಒಲೆಯ ನಾಬ್ ಮುಟ್ಟಿ ನೋಡುತ್ತಿದ್ದಳು.

"ಏನ್ರಿ, ಎಲ್ಲಿ ಹೋದ್ರಿ?" ನಿಜಗುಣನ ದನಿ ಅವಳನ್ನು ಎಚ್ಚರಿಸಿತು. ಅವನು ಈರುಳ್ಳಿ ಸೊಪ್ಪು ಹೆಚ್ಚುತ್ತಿದ್ದ, ಒಂದೊಂದು ತುಂಡು ಒಂದೊಂದು ಅಳತೆ!

"ಇಲ್ಲೇ ಅದೀನ್ರಿ... ನೀವು ಹೆಚ್ಚೂದು ನೋಡಾಕತ್ತಿದ್ದೆ."

"ನಗಬ್ಯಾಡ್ರಿ. ಪೈಪ್ ಕೊಯ್ಯೋ ಕೈ ಇದು."

ಅವಳು ನಕ್ಕೇಬಿಟ್ಟಳು. ಅವನು ತನ್ನ ಕೆಲಸದ ಕಥೆ ಹೇಳಿದ. ಯಾರದೋ ಬೇಸ್‌ಮೆಂಟಿನಲ್ಲಿ ಬೆಕ್ಕು ಫರ್ನೇಸಿನ ಹಿಂದೆ ಮರಿ ಹಾಕಿ ಇವನನ್ನು ಹತ್ತಿರಕ್ಕೇ ಸೇರಿಸದಿದ್ದದ್ದು, ಜೋಳದ ರೊಟ್ಟಿ ತಟ್ಟಲು ಹೋಗಿ ಸ್ಮೋಕ್ ಅಲಾರ್ಮ್ ಹೊಡೆದುಕೊಂಡದ್ದು. ಸರಳ ಮನುಷ್ಯ. ಹುಡುಗಿಗೆ ಅವನು ಇಷ್ಟವಾಗತೊಡಗಿದ್ದ. ಇಷ್ಟವಾದಷ್ಟೂ ಹೆದರಿಕೆಯೂ ಹೆಚ್ಚಾಗುತ್ತಿತ್ತು.

'ಗ್ಯಾಸಿನ ಕೆಲಸದಂವ... ನನ್ನಂಥಾಕೀನ ಹೆಂಗ ಮನ್ಯಾಗ ಇಟ್ಕೋತಾನ?'

ಅಂದಿನ ಪಾಠ ಮಿಸೊ ಸೂಪು, ಹುದುಗಿಸಿದ ಸೋಯಾ ಕಾಳಿನ ಮುದ್ದೆ ಕರಗಿಸಿ ಮಾಡುವ ಸಾರು. ನಮ್ಮ ಸಾರಿಗೆ ಬೇಳೆಯ ಕಟ್ಟು ಇದ್ದಂತೆ ಅವರಿಗೆ ದಾಶಿ. ಅಜ್ಜಿ ಎರಡು ಪಾತ್ರೆಗಳಲ್ಲಿ ಅದನ್ನು ಮಾಡಿಸಿದ್ದರು. ಕೆಂಪು ಮುಚ್ಚಳದ್ದು ಒಣಮೀನಿನ ಚಕ್ಕೆ ಹಾಕಿದ್ದು. ಅದು ಕ್ಲಾಸಿಗೆ ಬಂದಿದ್ದ ಇನ್ನೊಂದು ವಯಸ್ಸಾದ ಜೋಡಿಗೆ. ಕಪ್ಪು ಮುಚ್ಚಳದ್ದು ಕಡಲಪಾಚಿ, ಅಣಬೆಯದು. ಅದು ಇವರಿಬ್ಬರಿಗೆ. ಹುಟ್ಟಿದಾಗಿನಿಂದ ಕೊರಳಲ್ಲಿ ಲಿಂಗ ಧರಿಸಿದ ಮನೆಗಳ ಮಕ್ಕಳು, ಮೊಟ್ಟೆಯನ್ನೂ ಮುಟ್ಟಿದವರಲ್ಲ.

"ಸೌಮ್ಯಾ, ನಿಮ್ಮ ಪಾತ್ರೆಗೆ ಮಿಸೊ ಕರಗಿಸಿ, ರುಚಿ ನೋಡಿ, ಎರಡು ಬಟ್ಟಲು ತನ್ನಿ!" ಉಳಿದವರನ್ನೆಲ್ಲ ಊಟದ ಮೇಜಿಗೆ ಕೂರಿಸಿದ ಅಜ್ಜಿ ಅಲ್ಲಿಂದಲೇ ಕೂಗಿದರು.

ಸೌಮ್ಯಾ ಒಲೆಯ ಕಡೆ ತಿರುಗಿದಳು. ಗಾಬರಿಯಾಯಿತು.

ಎರಡೂ ಮುಚ್ಚಳಗಳು ತೊಳೆಯುವ ತೊಟ್ಟಿಯಲ್ಲಿದ್ದವು! ಒಲೆಯ ಮೇಲೆ ಎರಡು ಒಂದೇ ಥರದ ಪಾತ್ರೆ. ಎರಡರಲ್ಲೂ ಸೋಸಿಟ್ಟ ತಿಳಿ ಹೊಂಬಣ್ಣದ ನೀರು...

ಯಾವುದು?

ಬಗ್ಗಿ ಮೂಸಿದಳು. ಮೂಗಿಗೆ ಬರೀ ಬಿಸಿ ತಾಗಿತು.

'ಅಜ್ಜೀನ ಕೇಳಲೇನು? ಕೇಳಿದ್ರ, ಮೀನಿನ ವಾಸನಿ ಬರೂದಿಲ್ಲೇನು ಅಂತಾರ... ನಿಜಗುಣ ಅವರ ಮುಂದನ!'

ಕೇಳಬಹುದಿತ್ತು. ಒಂದೇ ಮಾತು! ಆದರೆ ಹೆದರಿದವಳಿಗೆ ಆ ಒಂದು ಮಾತೇ ಬೆಟ್ಟ. ಎಡಗಡೆಯದೇ ಇರಬೇಕು ಎಂದು ತನಗೆ ತಾನೇ ಹೇಳಿಕೊಂಡು ಮಿಸೊ ಕರಗಿಸಿದಳು. ಎರಡು ಬಟ್ಟಲಿಗೆ ಬಡಿಸಿದಳು. ಉಪ್ಪು ಸರಿಯಿದೆಯೇ ಎಂದು ತನ್ನ ಬಟ್ಟಲಿನಿಂದ ಅರ್ಧ ಕುಡಿದೂ ನೋಡಿದಳು. ಉಪ್ಪು ಸರಿಯಾಗಿತ್ತು.

ನಿಜಗುಣನ ಮುಂದೆ ಬಟ್ಟಲು ತಂದಿಟ್ಟಳು.

"ಕುಡೀರಿ... ಘಮ್ ಅಂತೈತಿ."

ಅವನು ನಗುತ್ತಲೇ ಬಟ್ಟಲನ್ನು ಬಾಯಿಯ ಹತ್ತಿರ ಒಯ್ದ.

ನಗು ಅಲ್ಲೇ ನಿಂತಿತು.

ಬಟ್ಟಲನ್ನು ಮೆಲ್ಲಗೆ ಕೆಳಗಿಟ್ಟು ಅವಳ ಮುಖವನ್ನೇ ನೋಡಿದ. ಅವನ ಕಿವಿ ಕೆಂಪಾಗಿದ್ದವು.

"ಇದು ಮೀನಿಂದು."

"ಇಲ್ರಿ... ಅದು..."

"ಮೀನಿನ ವಾಸನಿ ನಮ್ಮಂಥಾವರಿಗೆ ಮೂರು ಮನಿ ಆಚೆಯಿಂದ ತಿಳೀತೈತ್ರಿ. ಕೈಯಾಗ ಹಿಡಕೊಂಡು ಬಂದು, ಘಮ್ ಅಂತೈತಿ ಕುಡೀರಿ ಅಂದ್ರಿ." ಅವನ ದನಿ ಏರಲಿಲ್ಲ, ಅದೇ ಅವಳಿಗೆ ಹೆಚ್ಚು ನೋಯಿಸಿತು. "ನಿಮ್ಮ ಅಕ್ಕಾರ ಒತ್ತಾಯಕ್ಕ ಬಂದಿದ್ರ ಹಂಗಂತ ಹೇಳಬಹುದಿತ್ತು. ಹಿಂಗ ಅವಮಾನ ಮಾಡೂದು ಬ್ಯಾಡಾಗಿತ್ತು."

ಎದ್ದ. ಅಜ್ಜಿಗೆ ಕೈಮುಗಿದ. ಬೂಟು ಹಾಕಿಕೊಂಡು ಹೊರಗೆ ನಡೆದುಬಿಟ್ಟ!

"ಅಯ್ಯೋ, ಮುಚ್ಚಳ ತೆಗೆದದ್ದು ನಾನೇ!" ಎಂದು ಫುಮಿಕೊ ಅಜ್ಜಿ ತಲೆಗೆ ಕೈಯಿಟ್ಟುಕೊಂಡರು.

ಸೌಮ್ಯಾ ತಲೆ ತಗ್ಗಿಸಿ ನೋಡಿದಳು. ಅವಳ ಕೈಯಲ್ಲಿ ಅರ್ಧ ಖಾಲಿಯಾದ ಬಟ್ಟಲಿತ್ತು... ಆ ಅರ್ಧ ತನ್ನ ಹೊಟ್ಟೆಯಲ್ಲಿದೆ ಎಂದು ಆಗ ಹೊಳೆಯಿತು. ಕಣ್ಣು ತುಂಬಿತು.

'ಹೋಗಲಿ ಬಿಡು... ಇನ್ನ ಎಂಟು ದಿವಸಕ್ಕ ಊರಿಗೆ ಹೋಗ್ತಿ. ಅಂವ ಸಿಟ್ಟಿಲೆ ಹೋದ್ರ ನಿನ್ನ ಗುಟ್ಟು ಉಳೀತೈತಿ.'

ಗುಟ್ಟು ಉಳಿಯುತ್ತಿತ್ತು. ಅವನು ಹೋಗುತ್ತಿದ್ದ.

ಸೌಮ್ಯಾ ಬಟ್ಟಲು ಹಿಡಿದುಕೊಂಡೇ ಓಡಿದಳು. ಕೋಟಿಲ್ಲ, ಕಾಲಲ್ಲಿ ಅಜ್ಜಿಯ ಮನೆಯೊಳಗಿನ ಚಪ್ಪಲಿ. ಮಾರ್ಚಿನ ಗಾಳಿ ಮುಖಕ್ಕೆ ರಪ್ಪನೆ ಬಡಿಯಿತು.

"ನಿಲ್ರಿ! ನಾನೂ ಕುಡದೇನ್ರಿ!"

ಕಾರಿನ ಬಾಗಿಲು ತೆಗೆದವನು ತಿರುಗಿದ. ಬಟ್ಟಲು ನೋಡಿದ, ಅವಳ ಕಣ್ಣೀರು ನೋಡಿದ. ಅವನ ಸಿಟ್ಟು ಮೆಲ್ಲಗೆ ಗೊಂದಲವಾಯಿತು.

"ನೀವು... ಅರ್ಧ ಬಟ್ಟಲ ಕುಡದೀರಿ? ನಿಮಗ ವಾಸನಿ ಬರಲಿಲ್ಲೇನ್ರಿ?"

ಮೂರು ವರ್ಷ ಯಾವ ಪ್ರಶ್ನೆಗೆ ಹೆದರಿದ್ದಳೋ ಅದೇ ಪ್ರಶ್ನೆ!

'ನೆಗಡಿ' ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟು ಸಾಕಿತ್ತು. ಅವನು ನಂಬುತ್ತಿದ್ದ, ನಕ್ಕುಬಿಡುತ್ತಿದ್ದ. ಆಮೇಲೆ ಮದುವೆ. ಆಮೇಲೆ ಜೀವನವಿಡೀ ಅವನ ಮುಖವನ್ನೇ ಕಾಯುತ್ತ ಕೂರಬೇಕು...

"ನನಗ ವಾಸನಿ ತಿಳಿಯೂದಿಲ್ರಿ." ಅವಳ ಹಲ್ಲು ಕಟಕಟಿಸುತ್ತಿದ್ದವು, ಚಳಿಗೋ ಹೆದರಿಕೆಗೋ. "ಯಾವುದೂ ತಿಳಿಯೂದಿಲ್ಲ. ಮೂರು ವರ್ಷ ಆತು. ಬಂದಾಗಿಂದ ನಿಮ್ಮ ಮುಖ ನೋಡಿ ಸುಳ್ಳು ಹೇಳಾಕತ್ತೀನಿ. ಒಮ್ಮೆ ಲಗ್ನ ಮುರದೈತಿ... ಗ್ಯಾಸ್ ಸೋರತಿತ್ತು, ಬಾಜೂಕ ಕುಂತು ಬಟಾಣಿ ಸುಲೀತಿದ್ದೆ. ಯಾರರ ಬೆಂಕಿಕಡ್ಡಿ ಗೀರಿದ್ರ..."



 ನಿಜಗುಣನ ಮುಖ ಬಿಳಿಚಿಕೊಂಡಿತ್ತು. ಸೌಮ್ಯಾ ಆ ಮುಖ ಓದಲು ಹೋಗಿ, ಧೈರ್ಯ ಸಾಲದೆ ತಲೆ ತಗ್ಗಿಸಿದಳು. ಈಗ ಕಾರಿನ ಬಾಗಿಲು ಮುಚ್ಚುವ ಸದ್ದು ಬರುತ್ತದೆ ಎಂದು ಕಾದಳು.

ಸದ್ದು ಬಂತು. ಆದರೆ ಅವನು ಕಾರಿನ ಹೊರಗೇ ಇದ್ದ. ತನ್ನ ಜಾಕೆಟ್ಟು ಬಿಚ್ಚಿ ಅವಳ ಹೆಗಲಿಗೆ ಹೊದಿಸಿ, ಬಟ್ಟಲನ್ನು ಇಸಿದುಕೊಂಡ.





"ಆ ಒಲಿ ಮುಂದ ನೀವೊಬ್ಬರ ಕುಂತಿದ್ದು ಕಣ್ಣಿಗೆ ಕಟ್ಟಿತು. ಅಂಜಿಕಿ ಬಂತ್ರಿ." ಅವನು ಬಟ್ಟಲನ್ನು ಕಾರಿನ ಮೇಲಿಟ್ಟ. "ಕೆಲಸಕ್ಕ ಸೇರಿದ ಮೊದಲ ದಿವಸ ನಮಗ ಏನ್ ಕಲಿಸ್ತಾರ ಗೊತ್ತೈತೇನು? ಮೂಗು ನಂಬಬ್ಯಾಡ್ರಿ ಅಂತ. ಗ್ಯಾಸಿನ ವಾಸನಿ ಒಂದಿಷ್ಟು ಹೊತ್ತು ಕುಡದ್ರ, ಎಂಥಾ ಮೂಗಿಗೂ ಆಮ್ಯಾಲೆ ತಿಳಿಯೂದಿಲ್ಲ. ಅದಕ್ಕ ಗ್ಯಾಸ್ ಸೋರೂದು ಹಿಡಿಯೋ ಮೀಟರ್ ಇಡ್ತೀವಿ. ಆ ಮನಿಯವರಿಗೆ ಬೇಕಾಗಿದ್ದು ಗೋಡಿಗೆ ಒಂದು ಅಲಾರ್ಮ್, ಸೌಮ್ಯಾ. ಅದು ನಿಮ್ಮ ತಪ್ಪಲ್ಲ."

ಅದು ನಿಮ್ಮ ತಪ್ಪಲ್ಲ... ಮೂರು ವರ್ಷದಲ್ಲಿ ಯಾರೂ ಆ ಮಾತು ಹೇಳಿರಲಿಲ್ಲ. ಸೌಮ್ಯಾ ಬಿಕ್ಕಿ ಬಿಕ್ಕಿ ಅತ್ತಳು.

"ನೀವು ಮೊದಲ ನನ್ನ ಕೇಳಬೇಕಿತ್ತು. ಯಾವ ಪಾತ್ರಿ ಅಂತ."

"ದಿನಾ ಒಂದೊಂದು ಕೇಳಿದ್ರ ಬ್ಯಾಸರಾಗೂದಿಲ್ಲೇನ್ರಿ?"

"ದಿನಾ ಕೇಳಬೇಕಂದ್ರ ದಿನಾ ಜೋಡಿ ಇರಬೇಕಾಗ್ತೈತಿ. ಅದಕ್ಕ ಒಪ್ಪಿಗಿ ಐತೇನು, ಅದನ್ನ ಹೇಳ್ರಿ."



"ಐತ್ರಿ... ಆದ್ರ ಅಂಜಿಕಿನೂ ಐತಿ. ನಿಮ್ಮ ಅವ್ವಾರು ಏನಂತಾರೋ..."

"ಅವ್ವಗ ನಾ ಹೇಳ್ತೀನಿ."

"ಬ್ಯಾಡ್ರಿ." ಸೌಮ್ಯಾ ಕಣ್ಣೊರೆಸಿಕೊಂಡಳು. "ನಾನ ಹೇಳ್ತೀನಿ. ಫೋನ್ ಮಾಡುವಾಗ ನೀವು ಬಾಜೂಕ ಇದ್ರ ಸಾಕು."

"ಇರ್ತೀನಿ."

ಒಳಗೆ ಫುಮಿಕೊ ಅಜ್ಜಿ ಕಿಟಕಿ ತೆರೆದಿಟ್ಟು ಒಲೆಯ ಮೇಲೆ ಏನೋ ಆಡಿಸುತ್ತಿದ್ದರು. ಕಿಟಕಿಯಿಂದ ತೆಳ್ಳಗೆ ಹೊಗೆ ಬರುತ್ತಿತ್ತು. ಸೌಮ್ಯಾ ಅದನ್ನು ನೋಡಿದಳು. ಕೇಳಲೋ ಬೇಡವೋ ಎಂದು ಒಂದು ಕ್ಷಣ ತಡೆದಳು.

"ಈಗ... ಏನ್ ವಾಸನಿ ಬರಾಕತ್ತೈತ್ರಿ?"

ನಿಜಗುಣ ಉಸಿರೆಳೆದುಕೊಂಡ.

"ಎಳ್ಳು ಹುರಿಯಾಕತ್ತಾರ. ಸಂಕ್ರಮಣದ ಹಿಂದಿನ ದಿವಸ ನಮ್ಮ ಅಡಿಗಿ ಮನ್ಯಾಗ ಬರ್ತೈತಲ್ಲ, ಥೇಟ್ ಅಂಥಾದ್ದ. ನೆನಪೈತೇನು?"

"ಹೂಂ," ಎಂದಳು ಸೌಮ್ಯಾ, "ನೆನಪೈತ್ರಿ."